ದೊಡ್ಡ ದೀಪಗಳನ್ನು ವಾಪಸು ಕಳಿಸಿದ್ದೇನೆ

ಬೋರ್ ಗಣಿಪಟ್ಟಣ, ಜನವರಿ 1969

ಕಾಮ್ರೇಡ್ ಸ್ಟುಡಿಯೋ ಅಧ್ಯಕ್ಷರೇ,

ಬೆಲ್‌ಗ್ರೇಡಿನಿಂದ ನಿಮ್ಮ ಪತ್ರ ಬಂತು. ಗಣಿ ಕಾರ್ಮಿಕನ ಮನೆಯ ದೃಶ್ಯ ಕತ್ತಲಾಗಿದೆ, ದೊಡ್ಡ ದೀಪ ಹಾಕಿ ಮತ್ತೆ ತೆಗೆಯಿರಿ, ಇಲ್ಲವಾದರೆ ಕತ್ತರಿಸುತ್ತೇವೆ ಎಂದಿದ್ದೀರಿ. ಮತ್ತೆ ತೆಗೆಯಲಾಗದು.

ಚಿತ್ರೀಕರಣದ ದಿನ ಆ ಮನೆಯಲ್ಲಿ ಸ್ಲಾವ, ಕುಲಸಂತನ ಹಬ್ಬ. ಅದರ ಮೇಣದಬತ್ತಿ ಹಚ್ಚುವುದು ವರ್ಷಕ್ಕೊಮ್ಮೆ. ನೀವು ಕಳಿಸಿದ ದೀಪದವನು, ತಾನು ಸಿದ್ಧವಾಗುವವರೆಗೆ ಬತ್ತಿ ಉಳಿಯಲಿ ಎಂದು, ಅದನ್ನು ಊದಿ ಆರಿಸಿಬಿಟ್ಟ. ಮನೆಯಜ್ಜಿ ಸ್ತಾಮೆಂಕಾ ಸೌಟು ಹಿಡಿದೇ ಬಂದಳು.

"ಏನೋ ಮೂಳ, ಸಂತನ ದೀಪಾನ ಎಂಜಲು ಬಾಯಲ್ಲಿ ಊದ್ತೀಯಾ? ಕೊನೇಲಿ ಯಜಮಾನ ವೈನ್ ಹನಿಸಿ ಆರಿಸ್ಬೇಕು! ಹೊತ್ಕೊಂಡು ಹೋಗು ನಿನ್ ದೊಡ್ಡ ದೀಪಾನ!"

ಬತ್ತಿಯನ್ನು ಅವಳೇ ಮತ್ತೆ ಹಚ್ಚಿದಳು. ಆ ಬೆಳಕಲ್ಲಿ, ಕಿಟಕಿಯಾಚೆಯ ಹಿಮದ ಬೆಳಕಲ್ಲಿ ನಾನು ದೃಶ್ಯ ತೆಗೆದೆ. ಸುದ್ದಿಚಿತ್ರದ ಕಾಲದಿಂದ ನನ್ನ ವಿದ್ಯೆ ಇಷ್ಟೇ: ಕಿಟಕಿ ಇರುವ ಕಡೆಯಿಂದಲೇ ಬೆಳಕು ಬರಬೇಕು. ಜನರನ್ನು ನೆಲದಡಿಯ ಕತ್ತಲಲ್ಲಿ ದುಡಿಸಿ ಪರದೆಯ ಮೇಲೆ ಮಾತ್ರ ಬೆಳಗಿಸುವುದು ಹಸಿ ಸುಳ್ಳು.

ನಿನ್ನೆ ಗಣಿಯ ಸಭಾಂಗಣದಲ್ಲಿ ರೀಲು ತೋರಿಸಿದೆ. ಅಜ್ಜಿಯ ಮಗ, ಆ ಗಣಿ ಕಾರ್ಮಿಕ ಗ್ವೋಜ್ದೆನ್, ತೊಡೆ ತಟ್ಟಿ ನಕ್ಕ: "ನಮ್ಮನೇನೇ ಕಣಣ್ಣ! ಸಿನಿಮಾದವ್ರು ಮೊದಲ್ನೇ ಸಲ ನಮ್ ಮುಖ ತೊಳೀದೆ ಬಿಟ್ಟಿದ್ದೀರ!" ನನಗೆ ಇದಕ್ಕಿಂತ ದೊಡ್ಡ ಪದಕ ಬೇಡ.

ಪ್ರಿಂಟಿನಲ್ಲಿ ಬೆಳಕು ಹೆಚ್ಚಿಸಬೇಡಿರೆಂದು ಲ್ಯಾಬಿನವರಿಗೆ ದಯವಿಟ್ಟು ಹೇಳಿ. ಕತ್ತರಿಸಲೇಬೇಕಾದರೆ ನನ್ನ ಹೆಸರು ಕತ್ತರಿಸಿ, ದೃಶ್ಯವನ್ನಲ್ಲ.

ಸ್ಲಾವಕ್ಕೆ ಯಾರನ್ನೂ ಕರೆಯುವ ಪದ್ಧತಿಯಿಲ್ಲ, ಬಂದವರಿಗೆಲ್ಲ ಮೀನಿನೂಟವಿದೆ. ಮುಂದಿನ ಸಲ ನೀವೂ ಬನ್ನಿ. ಸ್ವಲ್ಪ ಹೊತ್ತು ಕೂತರೆ ಕಣ್ಣು ಹೊಂದಿಕೊಳ್ಳುತ್ತದೆ, ಎಲ್ಲರ ಮುಖವೂ ಕಾಣುತ್ತದೆ.

ನಿಮ್ಮ ಕ್ಯಾಮೆರಾಮನ್,
ವುಕಾಶಿನ್