ಮಿಂಚದ ಗಾಜಿನ ಮಾನಿಟರ್

ಬ್ಯಾಡಗಿ
ನವೆಂಬರ್ ೧೨, ೨೦೨೫, ಬುಧವಾರ

ನನ್ನವ್ವ ಸುಚಿತ್ರಾ,

ನಿನ್ನ ಅಪ್ಪನ ಆಶೀರ್ವಾದಗಳು. ಹೇಗಿದ್ದೀ? ವಿಜಯಪುರದ ಚಳಿಗೆ ಸ್ವೆಟರ್ ಹೊರಗೆ ತೆಗೆದೆಯೋ, ಇಲ್ಲ ಅದೂ ನಿನ್ನ ಬ್ಯಾಂಕಿನ ಲಾಕರಿನಲ್ಲಿದೆಯೋ? ಕೂತು ಕೂತು ಬಂದ ಬೆನ್ನುನೋವು ಇಳಿಯಿತೇ? ಫೋನಿರುವಾಗ ಕಾಗದವೇಕೆ ಎಂದು ಹುಬ್ಬು ಗಂಟು ಹಾಕಬೇಡ. ಈ ಎರಡು ಕೋಣೆಯ ಮನೆಯಲ್ಲಿ ಫೋನಿನಲ್ಲಿ ಆಡಿದ ಮಾತೆಲ್ಲ ನಿನ್ನ ತಮ್ಮ ಮೈಲೇಶನ ಕಿವಿಗೆ ಬೀಳುತ್ತದೆ; ನೀನೋ 'ಅಪ್ಪಾ, ಕೌಂಟರಿನ್ಯಾಗ ಮಂದಿ ನಿಂತಾರ, ಆಮ್ಯಾಲೆ ಮಾಡ್ತೇನಿ' ಎಂದು ಇಟ್ಟುಬಿಡುತ್ತೀ. ಕಾಗದವನ್ನು ಹಾಗೆ ನಡುವೆ ಇಡಲಾಗದು. ನಾನು ಗಟ್ಟಿ ಇದ್ದೇನೆ. ಮೆಣಸಿನಕಾಯಿ ಚೀಲ ಹೊತ್ತು ಬೆಳೆದ ಹೆಗಲು, ಅಷ್ಟು ಸುಲಭಕ್ಕೆ ಸೋಲುವುದಿಲ್ಲ. ಹೊಸ ಕಾಯಿ ಇನ್ನೂ ಮಾರುಕಟ್ಟೆಗೆ ಬಂದಿಲ್ಲ. ದಲಾಲಿ ಅಂಗಡಿಯಲ್ಲಿ ನೊಣ ಹೊಡೆಯುವ ಬದಲು ರಾಣೆಬೆನ್ನೂರಿಗೆ ಹೋಗಿ ಮೈಲೇಶನಿಗೆ ಒಂದು ಹೊಸ ಮಾನಿಟರ್ ಕೊಡಿಸಿಕೊಂಡು ಬಂದೆ. ಸುದ್ದಿ ಅದೇ.

ಕೊಡಿಸದೆ ಗತಿಯಿರಲಿಲ್ಲ. ಅವನು ರಾಣೆಬೆನ್ನೂರಿನ ಬೀಜದ ಕಂಪನಿಯವರಿಗೆ ಪಾಕೀಟಿನ ಚಿತ್ರ ಮಾಡಿಕೊಡುತ್ತಾನಲ್ಲ, ಹೋದ ತಿಂಗಳು ಟೊಮೆಟೊ ಪಾಕೀಟು ಮಾಡಿದ. ಇವನ ಪರದೆಯ ಮೇಲೆ ಕಚ್ಚಿ ತಿನ್ನಬೇಕು ಅನ್ನುವಂಥ ಕೆಂಪು; ಅಚ್ಚಾಗಿ ಬಂದಾಗ ಸುಟ್ಟ ಮಣ್ಣಿನ ಬಣ್ಣ. ಮಾಲೀಕರು ಫೋನು ಹಚ್ಚಿ, 'ನಾವು ಬೀಜಾ ಮಾರ್ತೇವೋ ಇಟ್ಟಂಗಿ ಮಾರ್ತೇವೋ ತಮ್ಮಾ?' ಎಂದರಂತೆ. ಇನ್ನೊಮ್ಮೆ ಹೀಗಾದರೆ ಬೇರೆಯವರನ್ನು ನೋಡಿಕೊಳ್ಳುತ್ತೇವೆ ಎಂದೂ ಹೇಳಿದರು. ಹಳೆಯ ಪರದೆ ಬಣ್ಣದಲ್ಲಿ ಸುಳ್ಳು ಹೇಳತೊಡಗಿತ್ತು. ಹೊಸದು ಕೆಲಸಕ್ಕೂ ಆಗಬೇಕು, ಅವನ ಆಟಕ್ಕೂ ಆಗಬೇಕು, ನನ್ನ ಕಿಸೆಗೂ ಆಗಬೇಕು. ಒಂದೇ ಎತ್ತಿನಲ್ಲಿ ಹೊಲವನ್ನೂ ಹೂಡಿ, ಗಾಣವನ್ನೂ ತಿರುಗಿಸಿ, ಮೆರವಣಿಗೆಯನ್ನೂ ಮಾಡುವ ಲೆಕ್ಕ.

ನಿನ್ನ ಅಪ್ಪ ಬರಿಗೈಲಿ ವ್ಯಾಪಾರಕ್ಕೆ ಹೋದವನಲ್ಲ. ಕರವಸ್ತ್ರದಲ್ಲಿ ನಮ್ಮ ಮೆಣಸಿನಕಾಯಿಯನ್ನೇ, ಒಂದು ಹಿಡಿ ದಪ್ಪನೆಯ ಡಬ್ಬಿ ಕಾಯಿ, ಒಂದು ಹಿಡಿ ತೆಳ್ಳನೆಯ ಕಡ್ಡಿ ಕಾಯಿ ಕಟ್ಟಿಕೊಂಡು ಹೋದೆ. ಅವೇ ಕಾಯಿಗಳ ಫೋಟೊ ಮೈಲೇಶನ ಹತ್ತಿರ ಇತ್ತು. ಅಂಗಡಿಯ ಫಿರೋಜ್ ಒಂದೊಂದೇ ಪರದೆ ಹಚ್ಚುತ್ತ ಹೋದ, ನಾನು ಫೋಟೊದ ಪಕ್ಕಕ್ಕೆ ಕಾಯಿ ಹಿಡಿಯುತ್ತ ಹೋದೆ. ಅವನು ಸೀನಿ ಸೀನಿ, 'ಕಾಕಾ, ಇದು ಮಾನಿಟರ್ ಅಂಗಡಿರಿ, ಮಸಾಲಿ ಗಿರಣಿ ಅಲ್ಲ' ಎಂದ. ಆದರೂ ನೋಡು, ಕಾಯಿ ಸುಳ್ಳು ಹೇಳಲಿಲ್ಲ. ಒಂದರಲ್ಲಿ ನಮ್ಮ ಕೆಂಪು ಕಿತ್ತಳೆಗೆ ತಿರುಗಿತು, ಇನ್ನೊಂದರಲ್ಲಿ ಎದುರು ನಿಂತರೆ ಸರಿ, ಪಕ್ಕಕ್ಕೆ ಸರಿದರೆ ಮಂಕು. ಬಗ್ಗಿ ನೋಡಿದರೆ ಬಣ್ಣ ಬಿಡುವ ಮಾಲನ್ನು ನಾನು ಮೆಣಸಿನಕಾಯಿಯಲ್ಲೇ ಕೊಂಡಿಲ್ಲ. ಫಿರೋಜ್ ಐಪಿಎಸ್ ಎನ್ನುವ ಜಾತಿಯದನ್ನು ಹಚ್ಚಿದ. ಯಾವ ಮೂಲೆಯಿಂದ ನೋಡಿದರೂ ಡಬ್ಬಿ ಡಬ್ಬಿಯೇ, ಕಡ್ಡಿ ಕಡ್ಡಿಯೇ. ಆಟಕ್ಕೆಂದು ಬಿಲ್ಲಿನ ಹಾಗೆ ಬಾಗಿದ್ದನ್ನೂ ತೋರಿಸಿದ. ಸೊಟ್ಟ ತಟ್ಟೆಯಲ್ಲಿ ಉಂಡರೆ ರುಚಿ ಹೆಚ್ಚುತ್ತದೆಯೇ ಎಂದು ಕೇಳಿದೆ. ಚಿತ್ರ ಸೆಕೆಂಡಿಗೆ ಎಷ್ಟು ಸಲ ಬದಲಾಗುತ್ತದೆ ಎನ್ನುವುದಕ್ಕೂ ಒಂದು ರೇಟು ಇದೆಯಂತೆ. ನೂರು ಸಾಕು ಎಂದ ಮೈಲೇಶ. ಇಪ್ಪತ್ನಾಲ್ಕು ಇಂಚು, ಒಂಬತ್ತು ಸಾವಿರದ ಮಾಲು, ಎಂಟಕ್ಕೆ ಇಳಿಸಿದೆ. ಕೇಬಲ್ಲು ಪುಕ್ಕಟೆ.

ಇಷ್ಟೇ ಆಗಿದ್ದರೆ ಫೋನಿನಲ್ಲೇ ಹೇಳುತ್ತಿದ್ದೆ. ಚೌಕಾಸಿ ಮುಗಿದ ಮೇಲೆ ನಿನ್ನ ತಮ್ಮ ಆ ಗಾಜಿನ ಮೇಲೆ ಕೈಯಾಡಿಸಿ ಫಿರೋಜ್‌ನನ್ನು ಕೇಳಿದ: 'ಬಂದ್ ಮಾಡಿದ ಮ್ಯಾಲೆ ಇದು ಮಿಂಚೂದಿಲ್ಲಲ್ಲ?' ಇಲ್ಲ ಎಂದ ಮೇಲೂ ಮತ್ತೆ ಅದನ್ನೇ ಕೇಳಿದ. ಫಿರೋಜ್ ನಕ್ಕು, 'ಇಲ್ಲೋ ಮಾರಾಯಾ, ಇದರಾಗ ಮಾರಿ ಕಾಣೂದಿಲ್ಲ. ತಲಿ ಬಾಚ್ಕೊಳ್ಳಾಕ ಮನಿಯಾಗ ಕನ್ನಡಿ ಇಲ್ಲೇನು?' ಎಂದ. ಮೈಲೇಶ ನಗಲಿಲ್ಲ. ರೈತನ ಉಸಿರಿನಲ್ಲೇ ದರ ಓದುವವನು ನಾನು. ಮಗನ ಮುಖ ಓದಲು ಮೂರು ತಿಂಗಳು ಬೇಕಾಯಿತು.

ನಮ್ಮ ಹಳೆಯದರದು ಕನ್ನಡಿಯಂಥ ಗಾಜು, ನಿನಗೆ ಗೊತ್ತಲ್ಲ. ಅದನ್ನು ಸೆಕೆಂಡ್‌ಹ್ಯಾಂಡಿನಲ್ಲಿ ತಂದ ದಿನವೇ ನಿಮ್ಮವ್ವ ತಕರಾರು ತೆಗೆದಿದ್ದಳು. 'ದೀಪಾ ಹಚ್ಚಿದ ಮ್ಯಾಲೆ ಕನ್ನಡಿ ತೆರದ ಇಡಬಾರದು. ಇದೂ ಕನ್ನಡೀನ.' ತನ್ನ ಹಸಿರು ಇಳಕಲ್ ಸೀರೆ ಹರಿದು ಹೊದಿಕೆ ಹೊಲಿದಳು, ಕೆಂಪು ಸೆರಗು ಅಂಚಿಗೆ ಬರುವ ಹಾಗೆ. ಆಟ ಮುಗಿಸಿ ಹೊದಿಸದೆ ಎದ್ದರೆ ಮೈಲೇಶನಿಗೆ ಚಹಾ ಇಲ್ಲ. ಕಾಯಿಲೆ ಬಿದ್ದ ಮೇಲೆ ಅವಳ ಮಂಚವನ್ನು ಅವನ ಕುರ್ಚಿಯ ಹಿಂದೆಯೇ ಹಾಕಿದೆವು. ಅವನು ಕಾರಿನ ಆಟ ಆಡುವುದನ್ನು ನೋಡುತ್ತ, 'ಲಗೂ ಓಡಿಸಬ್ಯಾಡೋ, ಆ ಗಿಡಾ ನೋಡೂನು' ಎನ್ನುತ್ತಿದ್ದಳು. ಆ ಆಟದ ರಸ್ತೆ ಕೊನೆಗೆ ಸಮುದ್ರಕ್ಕೆ ಹೋಗುತ್ತದಂತೆ. ಸಮುದ್ರ ತೋರಿಸು ಎಂದಳು, 'ನಾಳೆ ತೋರಿಸ್ತೇನಿ ಬೇ' ಎಂದ. ಆ ನಾಳೆಗೆ ಅವಳಿರಲಿಲ್ಲ. ಈ ಶ್ರಾವಣದಲ್ಲಿ ಅವಳ ವರ್ಷಾಂತಕ್ಕೆ ಬಂದವಳು ನೀನು ಆ ಹೊದಿಕೆ ಕೇಳಿದೆ, ಅವ್ವನ ನೆನಪಿಗಿರಲಿ ಎಂದು. ಬಟ್ಟೆ ತಾನೆ, ಒಯ್ಯಿ ಎಂದೆ. ಅಂದಿನಿಂದ ಪರದೆ ಬೆತ್ತಲೆ ಉಳಿಯಿತು.

ನೀನು ಹೋದ ವಾರವೇ ಇರಬೇಕು. ಸಂಜೆ ದೀಪ ಹಚ್ಚಿ ಒಳಗೆ ಬಂದೆ. ಮೈಲೇಶ ಹಾಲು ತರಲು ಹೋಗಿದ್ದ, ಪರದೆ ಸುಮ್ಮನೆ ಉರಿಯುತ್ತಿತ್ತು. ಕರೆಂಟು ಬಿಲ್ಲು ನೆನಪಾಗಿ ಆರಿಸಿದೆ. ಕಪ್ಪು ಗಾಜಿನಲ್ಲಿ ಟ್ಯೂಬ್‌ಲೈಟು, ಕ್ಯಾಲೆಂಡರು, ಕುರ್ಚಿಯ ಹಿಂದಿನ ಆ ಮೂಲೆ. ಮೂಲೆಯಲ್ಲಿ ಮಂಚ. ಆ ಮಂಚವನ್ನು ನಾವು ಅಗಡಿಯ ನಿನ್ನ ಸೋದರಮಾವನಿಗೆ ಕೊಟ್ಟು ಎಷ್ಟೋ ದಿನವಾಗಿತ್ತಲ್ಲವೇ? ಅದರ ಅಂಚಿಗೆ ನಿಮ್ಮವ್ವ ಕೂದಲು ಬಿಟ್ಟುಕೊಂಡು ಕೂತಿದ್ದಳು. ನನ್ನನ್ನು ನೋಡುತ್ತಿರಲಿಲ್ಲ. ಪರದೆಯನ್ನು ನೋಡುತ್ತಿದ್ದಳು, ಆಟ ಶುರುವಾಗಲಿ ಎಂದು ಕಾಯುವವರ ಹಾಗೆ. ತಿರುಗಿದರೆ ಜೋಳದ ಡಬ್ಬಿ, ಹಗ್ಗದ ಮೇಲೆ ನನ್ನ ಟವೆಲ್ಲು. ನಾನು ಸುಮ್ಮನೆ ನಂಬುವ ಪೈಕಿಯಲ್ಲ. ಮಾರನೆಯ ದಿನ ಟವೆಲ್ಲು ತೆಗೆದೆ, ಡಬ್ಬಿ ಸರಿಸಿದೆ. ಸಂಜೆ ಆರಿಸಿದೆ. ಕೂತಿದ್ದಳು. ಆಮೇಲೆ ದಿನವೂ ಅಂಗಡಿ ಬಾಗಿಲು ಬೇಗ ಹಾಕಿ ಮನೆಗೆ ಬರತೊಡಗಿದೆ. ಯಾರಿಗೂ ಹೇಳಲಿಲ್ಲ. ಮೈಲೇಶ ಮಾತ್ರ ಪರದೆ ಆರಿಸುವುದನ್ನೇ ಬಿಟ್ಟಿದ್ದ. ಬೈದರೆ, 'ಇರ್ಲಿ ಬಿಡಪ್ಪಾ, ಆರಿಸಬ್ಯಾಡ' ಎನ್ನುತ್ತಿದ್ದ. ಆಟದ ಹುಚ್ಚು ಎಂದುಕೊಂಡಿದ್ದೆ. ಅವನಿಗೂ ಅವಳು ಕಾಣುತ್ತಾಳೆಂದು ಫಿರೋಜ್‌ನ ಅಂಗಡಿಯಲ್ಲಿ ತಿಳಿಯಿತು.

ಹಳೆಯದನ್ನು ಕೊಟ್ಟರೆ ಇನ್ನೂ ಎಂಟುನೂರು ಬಿಡುತ್ತೇನೆ ಎಂದ ಫಿರೋಜ್. ಖಾಲಿ ಚೀಲವನ್ನೂ ಬಿಟ್ಟುಕೊಡದ ನಾನು, 'ಅದು ಮಾರೂದಲ್ಲ' ಎಂದುಬಿಟ್ಟೆ. ಮೈಲೇಶ ನನ್ನ ಮುಖ ನೋಡಿದ. ಬಸ್ಸಿನಲ್ಲಿ ಹೊಸದರ ಪೆಟ್ಟಿಗೆಯನ್ನು ಇಬ್ಬರ ತೊಡೆಯ ಮೇಲೂ ಇಟ್ಟುಕೊಂಡು ಬಂದೆವು. ಹೊಸದು ಈಗ ಮೇಜಿನ ಮೇಲಿದೆ. ಟೊಮೆಟೊ ಟೊಮೆಟೊ ಆಯಿತು, ಮಾಲೀಕರು ಒಪ್ಪಿದರು, ಬೇಸಿಗೆಯ ಬೀಜದ ಪಾಕೀಟುಗಳ ಕೆಲಸವೂ ಬಂತು. ಆರಿಸಿದರೆ ಅದು ಬರೀ ಕರಿ ಪಾಟಿ, ಯಾರೂ ಇಲ್ಲ. ನಿನ್ನ ತಮ್ಮ ನಿದ್ದೆ ಮಾಡುತ್ತಿದ್ದಾನೆ. ಹಳೆಯದನ್ನು ನನ್ನ ಕೋಣೆಯಲ್ಲಿ ಗೋಡೆಗೆ ಮುಖ ಮಾಡಿ ಇಟ್ಟಿದ್ದೇನೆ. ಅವಳನ್ನು ಹಾಗೆ ಎಷ್ಟು ದಿನ ಕೂಡಿಸಲಿ?

ಪಕ್ಕದ ಮನೆಯ ಕರೆವ್ವ ನಿನ್ನನ್ನು ಕೇಳುತ್ತಿದ್ದಳು, ದೀಪಾವಳಿಗೂ ಬರಲಿಲ್ಲವಲ್ಲ ಎಂದು. ಹೊತ್ತಿಗೆ ಸರಿಯಾಗಿ ಉಣ್ಣು. ನಾಳೆ ಗುರುವಾರದ ಮಾರುಕಟ್ಟೆ, ಇವತ್ತೇ ಇದನ್ನು ಅಂಚೆ ಡಬ್ಬಿಗೆ ಹಾಕುತ್ತೇನೆ. ದೇವರು ನಿನ್ನನ್ನು ತಣ್ಣಗಿಟ್ಟಿರಲಿ.

ನಿನ್ನ ಅಪ್ಪ,
ಚಂದ್ರಪ್ಪ

ತಾ. ಕ.: ಆ ಹೊದಿಕೆ ಬೇಕು. ಅಂಚೆಯಲ್ಲಿ ಕಳಿಸಬೇಡ, ಕಾರ್ತಿಕ ಮುಗಿಯುವುದರೊಳಗೆ ನೀನೇ ತೆಗೆದುಕೊಂಡು ಬಾ. ಹಳೆಯದನ್ನು ಅದರ ಜಾಗದಲ್ಲೇ ಇಟ್ಟು ಮೈಲೇಶ ಕಾರಿನ ಆಟ ಹಚ್ಚಲಿ. ಲಗೂ ಓಡಿಸುವುದು ಬೇಡ, ಗಿಡಗಳನ್ನೆಲ್ಲ ನೋಡುತ್ತ ಸಮುದ್ರ ಮುಟ್ಟಲಿ. ದೀಪ ಹಚ್ಚಿದ ಮೇಲೆ ಆರಿಸೋಣ. ಗಾಜಿನಲ್ಲಿ ಯಾರಿಗೆ ಕಂಡಳು, ಯಾರಿಗೆ ಕಾಣಲಿಲ್ಲ ಎಂದು ಮೂವರಲ್ಲಿ ಯಾರೂ ಯಾರನ್ನೂ ಕೇಳಬಾರದು. ಹೊದಿಕೆ ಮಾತ್ರ ನೀನು ಹಾಕು. ನನ್ನ ಕೈಯಿಂದ ಆಗುವುದಿಲ್ಲ.