ಗಿಡ್ಡ ಸಮಾಧಿಗಳು

ಥಾರ್ನ್ಲಿ, ಪರ್ತ್

ಅವ್ವನಿಗೆ ಶರಣು.

ಫೋನಿನಲ್ಲಿ ಕೇಳೋಕೆ ಬಾಯಿ ಬರಲಿಲ್ಲ, ಅದಕ್ಕೇ ಬರೀತಿದ್ದೀನಿ. ಹೋದ ವಾರ ಗಣಿ ಕೆಲಸಕ್ಕೆ ಹೋದಾಗ ಕೆಂಪು ಮಣ್ಣಿನ ಬಯಲಲ್ಲಿ ಒಂದು ಹಳೇ ಸ್ಮಶಾನ ಸಿಕ್ತು. ನೂರು ವರ್ಷದ ಹಿಂದೆ ಚಿನ್ನ ಹುಡುಕಿಕೊಂಡು ಬಂದವರು ಅಲ್ಲೊಂದು ಊರು ಕಟ್ಟಿದ್ರಂತೆ. ಈಗ ಒಂದು ಗೋಡೆಯೂ ಇಲ್ಲ, ಸಮಾಧಿಗಳಷ್ಟೇ ಉಳಿದಿವೆ.

ಅದರಲ್ಲಿ ಒಂದು ಸಾಲಿನವು ಮೂರಡಿ ಉದ್ದವೂ ಇರಲಿಲ್ಲ. ಅರೆ, ಇವರೂ ನಮ್ಮವರ ಹಾಗೆ ಸತ್ತವರನ್ನ ಕೂರಿಸಿ ಮಣ್ಣು ಮಾಡ್ತಿದ್ರಾ ಅಂತ ಖುಷಿಯಿಂದ ಫೋಟೋ ತೆಗೆದೆ. ಆಮೇಲೆ ಕಲ್ಲಿನ ಧೂಳು ಒರೆಸಿ ಓದಿದೆ. ಎಲ್ಲ ಮಕ್ಕಳು, ಅವ್ವಾ. ಒಂದು ವಾರವೂ ಬದುಕದ ಕೂಸಿಗೂ ಕಲ್ಲಿನ ಮೇಲೆ ಹೆಸರಿದೆ, ಆಲಿಸ್ ಅಂತ.

ನನಗಿಂತ ಮೊದಲು ಹುಟ್ಟಿದ ಅಕ್ಕ ತೊಟ್ಟಿಲಿಗೆ ಹಾಕೋ ಮೊದಲೇ ಹೋದಳು, ಹೆಸರೇ ಇಡಲಿಲ್ಲ ಅಂತ ಅಜ್ಜಿ ಹೇಳ್ತಿದ್ದಳು. ಅವಳನ್ನ ಎಲ್ಲಿ ಮಣ್ಣು ಮಾಡಿದ್ರಿ? ನಾನು ಊರಿಗೆ ಬಂದಾಗ ತೋರಿಸು. ಹೆಸರಿಡದಿದ್ದರೂ ನೀನು ಮನಸ್ಸಲ್ಲೇ ಏನೋ ಒಂದು ಹೆಸರಿಂದ ಕರೀತಿದ್ದೆ ಅಲ್ವಾ? ಅದನ್ನ ಬರೆದು ಕಳಿಸು.

ನಿನ್ನ ಎರಡನೇ ಮಗಳು,
ದಾಕ್ಷಾಯಿಣಿ