ಒಂಬತ್ತನೇ ಪ್ರಶ್ನೆಗೆ ನನ್ನ ತಿದ್ದಿದ ಉತ್ತರ

ಮಾನ್ಯ ಆರೋಗ್ಯಾಧಿಕಾರಿಗಳೇ,

ಎರಡು ತಿಂಗಳ ಹಿಂದೆ ನಿಮ್ಮ ಕಚೇರಿ ಹಂಚಿದ ಪ್ರಶ್ನಾವಳಿಯಲ್ಲಿ ನಾನು ಸುಳ್ಳು ಬರೆದಿದ್ದೇನೆ. ಅದೇ ಸುಳ್ಳನ್ನು ಆಧಾರ ಮಾಡಿಕೊಂಡು ಕಳೆದ ವಾರ ನೀವು ನನ್ನ ಅರ್ಜಿಯನ್ನು ತಿರಸ್ಕರಿಸಿದ್ದೀರಿ. ಬರುವ ಗುರುವಾರ ಮತ್ತೆ ಮಕ್ಕಳಿಗೆ ಲಸಿಕೆ ಹಾಕುವ ದಿನ. ಸೂಜಿ ಹಿಡಿಯಲು ನನಗೆ ಹೆದರಿಕೆಯಾಗುತ್ತಿದೆ. ಈ ಮಾತನ್ನು ನಿಮ್ಮ ಬಾಗಿಲ ತನಕ ಎರಡು ಸಲ ತಂದು, ‘ಸಾಹೇಬರು ಮೀಟಿಂಗಿನಲ್ಲಿದ್ದಾರೆ’ ಎಂದು ಕೇಳಿ ವಾಪಸ್ಸು ಹೋಗಿದ್ದೇನೆ. ಅದಕ್ಕೇ ಈಗ ಪತ್ರಿಕೆಯಲ್ಲಿ ಎಲ್ಲರೆದುರು ಬರೆಯುತ್ತಿದ್ದೇನೆ.

ನಿಮ್ಮ ಕಡತದಲ್ಲಿ ನಾನು ‘ಪ್ರಾಥಮಿಕ ಆರೋಗ್ಯ ಸುರಕ್ಷಾಧಿಕಾರಿ’. ಜನರ ಬಾಯಲ್ಲಿ ಸಿಸ್ಟರಮ್ಮ. ಹದಿನೇಳು ವರ್ಷದಿಂದ ಚಿತ್ತವಾಡ್ಗಿಯ ಮನೆಯಿಂದ ಬೆಳಿಗ್ಗೆ ಹೊರಟು, ಬಸ್ಸು ಹಿಡಿದು, ಸಂಡೂರು ಕಡೆಯ ಒಂದು ಊರಿಗೆ ಹೋಗಿ ಬರುತ್ತೇನೆ. ಅಲ್ಲಿಯ ತಾಯಂದಿರ ಗುರುತು ಸಿಗಬಾರದೆಂದು ಊರಿನ ಹೆಸರು ಹೇಳುವುದಿಲ್ಲ. ಹೇಳದಿದ್ದರೂ ನೋಟಿಸನ್ನು ಯಾವ ವಿಳಾಸಕ್ಕೆ ಕಳಿಸಬೇಕೆಂದು ನಿಮಗೆ ಸಂಜೆಯೊಳಗೆ ತಿಳಿದುಬಿಡುತ್ತದೆ. ಈ ವಿಷಯದಲ್ಲಿ ಮಾತ್ರ ನಿಮ್ಮ ಕಚೇರಿ ಭಾಳ ಚುರುಕು. ಪಕ್ಕದ ಉಪಕೇಂದ್ರದ ಮರುಳಸಿದ್ದಮ್ಮ ಸಿಸ್ಟರ್ ನಿವೃತ್ತರಾದಾಗ ಅವರ ಊರುಗಳನ್ನೂ ನನಗೇ ‘ತಾತ್ಕಾಲಿಕ ಪ್ರಭಾರ’ ಎಂದು ಕೊಟ್ಟಿರಿ. ಆ ತಾತ್ಕಾಲಿಕಕ್ಕೆ ಈಗ ಎರಡು ವರ್ಷ ಹತ್ತು ತಿಂಗಳು. ಬಸುರಿಯರು, ಬಾಣಂತಿಯರು, ಕೂಸುಗಳು, ಕ್ಷಯದ ಗುಳಿಗೆ ನುಂಗಲು ಒಲ್ಲೆನೆನ್ನುವ ಮುದುಕರು, ಇವರೆಲ್ಲ ಎರಡು ಪಟ್ಟಾದರು. ನಾನು ಮಾತ್ರ ಒಬ್ಬಳೇ ಉಳಿದೆ.

ಹಾಗಂತ ಇಲಾಖೆ ನಮ್ಮ ಬಗ್ಗೆ ಯೋಚಿಸಿಲ್ಲ ಎಂದರೆ ನನ್ನ ನಾಲಿಗೆ ಬಿದ್ದುಹೋದೀತು. ನಮ್ಮ ಒತ್ತಡ ನಿವಾರಣೆಗೆಂದು ಹಂಪಿಯಲ್ಲಿ ಒಂದು ದಿನದ ಶಿಬಿರ ಇಟ್ಟಿದ್ದಿರಿ. ಅದೂ ಭಾನುವಾರ, ವಾರದಲ್ಲಿ ನಮಗಿರುವ ಒಂದೇ ರಜೆಯ ದಿನ. ಹಾಜರಿ ಕಡ್ಡಾಯ. ಹೊಳೆಯ ದಂಡೆಯಲ್ಲಿ ಕೂರಿಸಿ ಹತ್ತು ನಿಮಿಷ ಕಣ್ಣುಮುಚ್ಚಿ ಉಸಿರು ಎಣಿಸಲು ಹೇಳಿದರು. ಆ ಹತ್ತು ನಿಮಿಷದಲ್ಲಿ ನನ್ನ ಫೋನು ಮೂರು ಸಲ ಬಡಿದುಕೊಂಡಿತು. ಮೂರೂ ಕರೆ ನಿಮ್ಮ ಕಚೇರಿಯವೇ, ವಾರದ ವರದಿ ಇನ್ನೂ ಬಂದಿಲ್ಲವಂತೆ. ಊಟವಾದ ಮೇಲೆ ಪ್ರಶ್ನಾವಳಿ ಹಂಚಿದರು. ಮೇಲ್ಗಡೆ ಹೆಸರು, ಉಪಕೇಂದ್ರ, ಮೊಬೈಲ್ ಸಂಖ್ಯೆ ಬರೆಯಬೇಕು. ಕೆಳಗೆ ಮನಸ್ಸು ಬಿಚ್ಚಿ ಉತ್ತರಿಸಬೇಕು. ಒಂಬತ್ತನೇ ಪ್ರಶ್ನೆ ನನಗೆ ಬಾಯಿಪಾಠವಾಗಿದೆ: ‘ನಿಮ್ಮ ಬಳಿ ಬರುವವರು ನಿಮಗೆ ಮನುಷ್ಯರಂತೆ ಕಾಣದೆ ಬರೀ ಸಂಖ್ಯೆಯಂತೆ ಕಾಣುವುದುಂಟೇ?’ ಎಂದೂ ಇಲ್ಲ, ಅಪರೂಪಕ್ಕೆ, ಆಗಾಗ, ದಿನಾಲೂ. ಒಂದಕ್ಕೆ ಟಿಕ್ ಹಾಕಬೇಕು.

ಪೆನ್ನು ಹಿಡಿದು ಕುಳಿತೆ. ಹಿಂದಿನ ಗುರುವಾರ ಬಂದ ಒಂದು ಕೂಸಿನ ಮುಖವನ್ನಾದರೂ ನೆನಪಿಸಿಕೊಳ್ಳೋಣವೆಂದು ನೋಡಿದೆ. ಒಂದೂ ಬರಲಿಲ್ಲ. ಮೂವತ್ತೊಂದು ಎಂಬ ಲೆಕ್ಕ ಮಾತ್ರ ನೆನಪಿಗೆ ಬಂತು. ಅಷ್ಟರಲ್ಲಿ ಮೇಲ್ವಿಚಾರಕಿ ಅಕ್ಕ ಬೆನ್ನ ಹಿಂದೆ ಬಂದು ನಿಂತು, “ಎಲ್ಲಾರೂ ಚಲೋನ ಬರೀರಿ ಯವ್ವಾ, ನಮ್ಮ ಮರ್ಯಾದಿ ಪ್ರಶ್ನಿ ಐತಿ” ಎಂದರು. ಪಾಪ, ಅವರಿಗೂ ಮೇಲಿನವರ ಹೆದರಿಕೆ. ನಾನು ‘ಎಂದೂ ಇಲ್ಲ’ ಎಂಬಲ್ಲಿ ಟಿಕ್ ಹಾಕಿದೆ. ನನ್ನ ಪಕ್ಕದವಳು ನನ್ನದನ್ನು ನೋಡಿ ಹಾಕಿದಳು.

ಅದಾಗಿ ಕೆಲವು ವಾರಕ್ಕೆ, ನಾಲ್ಕು ಗುರುವಾರದ ಹಿಂದೆ, ಗಂಗೋತ್ರಿ ಎಂಬ ತಾಯಿ ತನ್ನ ಹತ್ತು ವಾರದ ಅವಳಿ ಹೆಣ್ಣುಮಕ್ಕಳನ್ನು ಲಸಿಕೆಗೆ ಕರೆತಂದಳು. ಜೊತೆಗೆ ಅವಳ ಅತ್ತೆ ಗಾಳೆಮ್ಮ. (ಹೆಸರುಗಳನ್ನು ಬದಲಿಸಿದ್ದೇನೆ.) ಕಾವ್ಯ, ಪೂಜಿತಾ, ಇಬ್ಬರ ತಲೆಗೂ ಒಂದೇ ಬಣ್ಣದ ಕುಲಾಯಿ, ಇಬ್ಬರ ಕಾಲಿಗೂ ದೃಷ್ಟಿಯ ಕರಿದಾರ. ಒಬ್ಬಳಿಗೆ ಹಾಕಿ, ತಿರುಗಿ ಟ್ಯಾಬ್‌ನಲ್ಲಿ ವಿವರ ತುಂಬುತ್ತಿದ್ದೆ. ತುಂಬದೆ ಮುಂದಿನ ಮಗುವಿಗೆ ಹೋಗುವಂತಿಲ್ಲ ಎಂಬುದು ನಿಮ್ಮದೇ ಆದೇಶ. ನಡುವೆ ಫೋನು ಬಂತು. ಅತ್ತ ಅಳುವ ಕೂಸನ್ನು ಸಮಾಧಾನ ಮಾಡಲು ಅತ್ತೆ ಸೊಸೆ ಮಕ್ಕಳನ್ನು ಅದಲುಬದಲು ಮಾಡಿಕೊಂಡಿದ್ದರು. ನಾನು ಹೊಸ ಸಿರಿಂಜು ತುಂಬಿಕೊಂಡು ತಿರುಗಿ, ಎದುರಿಗಿದ್ದ ಮಗುವಿನ ತೊಡೆ ಹಿಡಿದೆ.

“ತಡೀರಿ ಸಿಸ್ಟರಮ್ಮ, ಈಕಿ ಪೂಜಿತಾ. ಈಗಷ್ಟ ಹಾಕಿದ್ರಲ್ಲ. ಕಾವ್ಯ ಇಲ್ಲಿ ಅದಾಳ ನೋಡ್ರಿ” ಎಂದಳು ಗಾಳೆಮ್ಮ.

ಸೂಜಿಗೂ ಚರ್ಮಕ್ಕೂ ಒಂದು ಬೆರಳಿನ ಅಂತರವಿತ್ತು. ಆದರೆ ನಾನು ಹೆದರಿದ್ದು ಇದಕ್ಕಲ್ಲ. ಮುಂದೆ ನನ್ನ ಬಾಯಿಂದ ಬಂದ ಮಾತಿಗೆ.

“ಯಾವಾಕಿಗಾದ್ರೇನಬೇ, ಎರಡು ಆದ್ರ ಸಾಕು.”

ಗಾಳೆಮ್ಮ ಚೇಷ್ಟೆಯೆಂದುಕೊಂಡು ನಕ್ಕಳು. ಗಂಗೋತ್ರಿ ನಗಲಿಲ್ಲ. ನಾನು ಕಾವ್ಯಳಿಗೆ ಸರಿಯಾಗಿಯೇ ಹಾಕಿ, “ಇಪ್ಪತ್ತೊಂದು ಬರ್ರಿ” ಎಂದು ಮುಂದಿನವರನ್ನು ಕರೆದೆ. ಆ ಹೊತ್ತಿಗೆ ನನಗೇನೂ ಅನಿಸಲಿಲ್ಲ. ಸಂಜೆ ಬಸ್ಸಿನಲ್ಲಿ, ಅದಿರಿನ ಲಾರಿಗಳ ಹಿಂದೆ ಕೆಂಪು ಧೂಳು ಕುಡಿಯುತ್ತ ಕುಳಿತಾಗ ಆ ಮಾತು ಮತ್ತೆ ಕೇಳಿಸಿತು. ಹೆದರಿಕೆ ಆಗ ಶುರುವಾಯಿತು. ಹದಿನೇಳು ವರ್ಷದ ಹಿಂದೆ, ಮೊದಲ ಕೂಸಿಗೆ ಸೂಜಿ ಚುಚ್ಚಿ, ಅದು ಅತ್ತಿದ್ದಕ್ಕೆ ತಾನೂ ಅತ್ತಿದ್ದ ಹುಡುಗಿ ನಾನೇ. ಅವಳು ಎಲ್ಲಿ ಹೋದಳು, ಯಾವ ವರ್ಷ ಹೋದಳು, ನನಗೆ ಗೊತ್ತೇ ಆಗಲಿಲ್ಲವಲ್ಲ!

ಇದನ್ನು ಓದುವ ತಾಯಂದಿರು ದಯವಿಟ್ಟು ಲಸಿಕೆಗೆ ಹೆದರಬೇಡಿ. ಲಸಿಕೆ ಚೆನ್ನಾಗಿಯೇ ಇದೆ, ಮಕ್ಕಳಿಗೆ ತಪ್ಪದೆ ಹಾಕಿಸಿ. ಕೆಟ್ಟು ನಿಂತಿರುವವಳು ನಾನು.

ಮಾರನೆಯ ದಿನವೇ ನಿಮಗೆ ಅರ್ಜಿ ಕೊಟ್ಟೆ. ಇನ್ನೊಬ್ಬ ಸಿಸ್ಟರನ್ನು ಕೊಡಿ, ಆಗದಿದ್ದರೆ ಗುರುವಾರಕ್ಕೊಬ್ಬರನ್ನಾದರೂ ಕಳಿಸಿ ಎಂದು ಕೇಳಿದ್ದೆ. ನಿಮ್ಮ ಉತ್ತರ ನನ್ನ ಮುಂದಿದೆ: ‘ಸಮೀಕ್ಷೆಯ ಪ್ರಕಾರ ಶೇಕಡಾ ತೊಂಬತ್ತೆಂಟರಷ್ಟು ಸಿಬ್ಬಂದಿ ಒತ್ತಡಮುಕ್ತರಾಗಿದ್ದು, ಸದರಿ ಅರ್ಜಿದಾರರೂ ಅದೇ ಅಭಿಪ್ರಾಯ ದಾಖಲಿಸಿರುತ್ತಾರೆ. ಆದ್ದರಿಂದ ಹೆಚ್ಚುವರಿ ಸಿಬ್ಬಂದಿಯ ಅಗತ್ಯ ಕಂಡುಬರುವುದಿಲ್ಲ.’ ನನ್ನ ಟಿಕ್ಕಿನಿಂದಲೇ ನನ್ನ ಬಾಯಿ ಮುಚ್ಚಿಸಿದಿರಿ, ಶಹಬ್ಬಾಸ್. ಆದರೆ ಒಂದು ಕೇಳಲೇ? ಬೆನ್ನ ಹಿಂದೆ ಮೇಲಿನವರು ನಿಂತಿರುವಾಗ, ತಲೆಯ ಮೇಲೆ ಹೆಸರು ಬರೆಸಿಕೊಂಡ ಕಾಗದದಲ್ಲಿ, ‘ನನಗೆ ಮನುಷ್ಯರು ಕಾಣುತ್ತಿಲ್ಲ’ ಎಂದು ಬರೆಯುವ ಧೈರ್ಯ ನಿಮಗಿದೆಯೇ? ಉಳಿದ ಶೇಕಡಾ ಎರಡರಷ್ಟು ಮಂದಿ ಬರೆದರಲ್ಲ, ಅವರನ್ನು ಕರೆದು ನೀವು ಕೇಳಿದ್ದೇನು? ‘ಕೆಲಸ ಮಾಡಲು ಇಷ್ಟವಿಲ್ಲವೇ?’ ಎಂದೇ ಅಲ್ಲವೇ?

ಮೊನ್ನೆ ಮನೆಭೇಟಿಗೆ ಗಂಗೋತ್ರಿಯ ಮನೆಗೆ ಹೋಗಿದ್ದೆ. ಮಕ್ಕಳು ಚಾಪೆಯ ಮೇಲೆ ಕೈಕಾಲು ಆಡಿಸುತ್ತಿದ್ದವು. ಪೂಜಿತಾಳ ಕಾಲಲ್ಲಿ ಕರಿದಾರ ಹಾಗೇ ಇತ್ತು. ಕಾವ್ಯಳದನ್ನು ಬಿಚ್ಚಿ ಕೆಂಪು ದಾರ ಕಟ್ಟಿದ್ದರು. ನಾನು ಸುಮ್ಮನೆ, “ಏನವಾ ಗಂಗೋತ್ರಿ, ಈಕಿಗೆ ದೃಷ್ಟಿ ಆಗಿತ್ತೇನು?” ಎಂದೆ.

ಆಕೆ ತಲೆ ಎತ್ತಲಿಲ್ಲ. “ದೃಷ್ಟಿಗಲ್ರಿ. ನಿಮಗ ಗುರುತು ಸಿಗ್ಲಿ ಅಂತ ಕಟ್ಟೀನಿ.”

ಗಾಳೆಮ್ಮ ಸೊಸೆಯನ್ನು ಗದರಿದಳು. “ಸುಮ್ನಿರಲೇ! ತಪ್ಪು ತಿಳೀಬ್ಯಾಡ್ರಿ ಸಿಸ್ಟರಮ್ಮ, ಸಣ್ಣಾಕಿ, ಹೆದರ್ತಾಳ. ಗುರುವಾರ ನೀವ ಹಾಕ್ಬೇಕ್ರಿ. ನಿಮ್ಮ ಕೈಗುಣ ಭಾಳ ಚಲೋ. ನನ್ನ ಸಣ್ಣ ಮಗಗೂ ನೀವ ಹಾಕಿದ್ರಿ.”

ನಾನು ಚಹಾ ಕುಡಿಯದೆ ಎದ್ದುಬಂದೆ. ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಆ ನಂಬಿಕೆಯನ್ನು ತಡೆದುಕೊಳ್ಳಲು ಆಗಲಿಲ್ಲ. ಕಣ್ಣುಮುಚ್ಚಿದರೆ ಆ ಪುಟ್ಟ ಪಾದಗಳು ಎದುರಿಗೆ ಬರುತ್ತವೆ, ಒಂದಕ್ಕೆ ಕರಿದಾರ, ಒಂದಕ್ಕೆ ಕೆಂಪು.

ಆದ್ದರಿಂದ ನನ್ನ ಬೇಡಿಕೆ ಇಷ್ಟು. ಒಂಬತ್ತನೇ ಪ್ರಶ್ನೆಗೆ ನನ್ನ ಉತ್ತರವನ್ನು ‘ದಿನಾಲೂ’ ಎಂದು ತಿದ್ದಿಕೊಳ್ಳಿ. ತಿದ್ದಿದ ಮೇಲೆ ನನ್ನ ಅರ್ಜಿಯನ್ನು ಇನ್ನೊಮ್ಮೆ ಓದಿ. ಗುರುವಾರದೊಳಗೆ ನನ್ನ ಪಕ್ಕದಲ್ಲಿ ಇನ್ನೊಬ್ಬ ಸಿಸ್ಟರ್ ನಿಲ್ಲಬೇಕು. ಅದು ಸಾಧ್ಯವಿಲ್ಲವೆಂದಾದರೆ ನನ್ನ ಕೈಯಿಂದ ಸೂಜಿ ಕಸಿದುಕೊಂಡು ಬೇರೆಯವರಿಗೆ ಕೊಡಿ. ಎರಡೂ ಆಗದಿದ್ದರೆ, ಈ ಊರಿನ ಮಕ್ಕಳಿಗೂ ನನ್ನ ತಪ್ಪಿಗೂ ನಡುವೆ ಇಲಾಖೆ ಇಟ್ಟಿರುವ ಏರ್ಪಾಡು ಏನೆಂದು ಒಂದು ಸಾಲು ಬರೆದು ತಿಳಿಸಿ. ಸದ್ಯಕ್ಕೆ ನನಗೆ ಕಾಣುತ್ತಿರುವುದು ಒಬ್ಬ ತಾಯಿ ಕಟ್ಟಿದ ಕೆಂಪು ದಾರ ಮಾತ್ರ. ಈ ಗುರುವಾರದ ಪಟ್ಟಿಯಲ್ಲಿರುವ ಉಳಿದ ಇಪ್ಪತ್ತೊಂಬತ್ತು ಮಕ್ಕಳ ಕಾಲಲ್ಲಿ ಅದೂ ಇಲ್ಲ.

ಇಂತಿ,
ಎರಡು ಉಪಕೇಂದ್ರಗಳಿಗೆ ಒಬ್ಬಳೇ ಆದ,
ನಿಮ್ಮ ಸಮೀಕ್ಷೆಯ ಪ್ರಕಾರ ಒತ್ತಡಮುಕ್ತಳಾದ,
ಕೈಗುಣ ಚಲೋ ಇದೆಯೆಂದು ಜನ ಇನ್ನೂ ನಂಬಿರುವ
ಸಿಸ್ಟರಮ್ಮ